ಲೋಟದಲ್ಲಿದ್ದ ಬಣ್ಣ

“ಏನ್ ಬೇಕಾದ್ರೂ ಮಾಡಿ. ಈ ಬ್ರಷ್‌ನ ಮಾತ್ರ ಬಾಯಿಗಿಟ್ಕೋಬೇಡಿ,” ಎಂದರು ತೀರಿಕೊಂಡ ಹಿರಿಯ ಚಿತ್ರಗಾರನ ಹೆಂಡತಿ.

ಆತ ಅರ್ಧಕ್ಕೆ ಬಿಟ್ಟಿದ್ದ ಜನಪದ ಕತೆಗಳ ಪುಸ್ತಕಕ್ಕೆ ಉಳಿದ ಚಿತ್ರ ಬರೆಯಲು ಒಪ್ಪಿಕೊಂಡ ಈ ಕಿರಿಯ ಚಿತ್ರಗಾರ, ಆ ಹಿರಿಯನ ಸಾಮಾನು ಒಯ್ಯಲು ಬಂದಿದ್ದ.

“ಮಾಟದ ಕೂದಲು ಕಟ್ಟಿರೋ ಬ್ರಷ್ ಅದು. ಎಂಜಲು ತಾಗಿತೋ, ಯಾರನ್ನ ನೋಡ್ಕೊಂಡು ಬರೀತಿದ್ದೀರೋ ಅವರ ಬಣ್ಣಾನೇ ಹೀರುತ್ತೆ. ಆ ಬಣ್ಣಾನ ನೀರಿಗಿಳಿಸಿ ಅವರಿಗೇ ಕುಡಿಸಬೇಕು. ನಮ್ಮೆಜಮಾನ್ರು ನನಗೆ ಕುಡಿಸುವಾಗ ಒಂದು ಗುಟುಕು ಚೆಲ್ಲಿಹೋಯ್ತು.” ಆಕೆ ಸೆರಗು ಸರಿಸಿ ಎಡಗೈ ತೋರಿಸಿದರು. ಮೊಣಕೈಯಿಂದ ಕೆಳಗೆ ಖಾಲಿ ಕಾಗದದ ಬಿಳುಪು. ಒಂದು ಗೆರೆಯಿಲ್ಲ, ಒಂದು ನರವಿಲ್ಲ.

ಚರ್ಮದ ಕಾಯಿಲೆ ಪಾಪ, ಎಂದುಕೊಂಡ ಅವನು. “ಇಪ್ಪತ್ತು ವರ್ಷದಿಂದ ಬ್ರಷ್ ಚೀಪ್ತಿದ್ದೀನಮ್ಮ. ನನ್ನ ಹೊಟ್ಟೇಲಿ ಕಾಮನಬಿಲ್ಲೇ ಇರಬೇಕು!”

ಉತ್ಪ್ರೇಕ್ಷೆಯೇನಲ್ಲ. ಟೀ ಎಂದುಕೊಂಡು ಕುಂಚ ತೊಳೆದ ನೀರನ್ನೇ ಕುಡಿಯುವ ಮಹಾನುಭಾವ ಅವನು. ಅದಕ್ಕೇ ಅವನ ಹೆಂಡತಿ ಕೊಳೆ ಲೋಟ ಕಂಡಲ್ಲೆಲ್ಲ ಎತ್ತಿಕೊಂಡು ಹೋಗುತ್ತಿದ್ದಳು.

ಮರುದಿನ ಮಧ್ಯಾಹ್ನ ಏಳು ವರ್ಷದ ಮಗಳನ್ನು ಕಿಟಕಿಯ ಬಳಿ ಸ್ಟೂಲಿನ ಮೇಲೆ ಕೂರಿಸಿದ. ಬಾವಿಯೊಳಗಿಂದ ಮಾಟಗಾತಿ ಕರೆಯುತ್ತಾಳೆ, ಹುಡುಗಿ ಬಗ್ಗಿ ನೋಡುತ್ತಾಳೆ, ಅದು ಚಿತ್ರ. ಒದ್ದೆ ಕಾಗದದ ವಾಸನೆ ಕೋಣೆ ತುಂಬಿತ್ತು. ಹುಬ್ಬಿನ ಗೆರೆಗೆ ಆ ಹಿರಿಯನ ಕುಂಚದ ತುದಿ ಚೂಪಾಗಬೇಕಿತ್ತು. ಕೈ ತಾನಾಗಿ ತುಟಿಗೆ ಹೋಯಿತು.

ನಾಲಿಗೆಯ ಮೇಲೆ ಸುಟ್ಟ ಕೂದಲಿನ ರುಚಿ. ಥೂ ಎಂದು ಉಗಿದು ಗೆರೆ ಎಳೆದ. ಎಂಥ ಗೆರೆ! ಜನ್ಮದಲ್ಲೇ ಅಂಥದ್ದು ಬಂದಿರಲಿಲ್ಲ. ಮರುಕ್ಷಣ, ಅವನು ಕೆಂಪನ್ನು ಮುಟ್ಟುವ ಮೊದಲೇ, ಕಾಗದದ ಹುಡುಗಿಯ ಕೆನ್ನೆ ಕೆಂಪಾಯಿತು.

“ಅಪ್ಪಾ... ಬಾಯಿ ಒಣಗ್ತಿದೆ.”

ತಲೆಯೆತ್ತಿದ. ಮಗಳ ತುಟಿ ಬಿಳಿ. ಕೆನ್ನೆ ಬಿಳಿ. ಕೂದಲಿನ ಕಪ್ಪು ಬುಡದಿಂದ ಆರುತ್ತಿತ್ತು. ಆ ಹೆಂಗಸಿನ ಕೈ ಕಣ್ಣಮುಂದೆ ಬಂತು. ಲೋಟಕ್ಕೆ ಕುಂಚ ಅದ್ದಿದ. ಚಿತ್ರ ಒದ್ದೆ ಮಾಡಿದ. ಉಜ್ಜಿದ. ಅದ್ದಿದ. ಕೆಂಪು ಇಳಿಯಿತು. ಕಣ್ಣಿನ ಕಂದು ಇಳಿಯಿತು. ಕೂದಲ ಕಪ್ಪು ಇಳಿಯಿತು. ಕಾಗದ ಖಾಲಿ. ಮಗಳೆಲ್ಲ ಈಗ ಲೋಟದಲ್ಲಿ.

ಸ್ಟೂಲಿನಿಂದ ಅವಳು ಜಾರಿದ ಸದ್ದು. ಲೋಟ ಮೇಜಿನ ಮೇಲೇ ಬಿಟ್ಟು ಓಡಿದ. ಮಂಡಿಯೂರಿ ಎತ್ತಿ ಮಡಿಲಿಗೆ ಹಾಕಿಕೊಂಡ. ಉಸಿರಿತ್ತು. ಸಣ್ಣಗೆ, ಆದರೆ ಇತ್ತು.

“ಕುಡಿ ಕಂದ, ಒಂದೇ ನಿಮಿಷ,” ಎನ್ನುತ್ತ ಅವಳನ್ನೆತ್ತಿಕೊಂಡು ಮೇಜಿನತ್ತ ಸರಿದು, ಅವಳ ಮುಖದಿಂದ ಕಣ್ಣು ತೆಗೆಯದೆ ಕೈ ಚಾಚಿದ. ಮೇಜು ತಡವಿದ. ಒದ್ದೆಯ ಒಂದು ಉಂಗುರ ಬೆರಳಿಗೆ ತಾಗಿತು, ಅಷ್ಟೇ.

ಅಡುಗೆಮನೆಯಲ್ಲಿ ನಲ್ಲಿ ಸುರಿಯುತ್ತಿತ್ತು.

“ಮತ್ತೆ ಟೀ ಅಂತ ಕುಡಿದುಬಿಡ್ತೀರಿ ಅಂತ ಚೆಲ್ಲಿದೆ ಕಣ್ರೀ,” ಎಂದಳು ಹೆಂಡತಿ ಅಲ್ಲಿಂದಲೇ. “ಪುಟ್ಟಿನ ಕಳಿಸಿ, ಹಾಲು ಕುಡೀಲಿ.”