ಕತ್ತರಿಸಿದ ನಾಲ್ಕು ನಿಮಿಷ

ಮಾಂಟಿ ಗ್ರೆಶಮ್‌ನನ್ನು ಕೊಲ್ಲಬೇಕೆಂದು ಸೆಡ್ರಿಕ್ ಪ್ಲಮ್ರಿಜ್ ತೀರ್ಮಾನಿಸಿದ್ದು ಒಂದು ಗುರುವಾರ ಬೆಳಿಗ್ಗೆ, ಮೊಟ್ಟೆ ಬೇಯಲು ಇಟ್ಟು ಪತ್ರಿಕೆ ಬಿಡಿಸಿದಾಗ. ಕೊಲ್ಲುವ ಆಸೆಯೇನೋ ಹದಿಮೂರು ವರ್ಷ ಹಳೆಯದು. ಆದರೆ ಆಸೆ ಬೇರೆ, ತೀರ್ಮಾನ ಬೇರೆ. ಆಸೆಯನ್ನು ಹೊಟ್ಟೆಯಲ್ಲಿಟ್ಟುಕೊಂಡು ಬಸ್ಸಿಗೆ ಕಾಯಬಹುದು, ಮದುವೆ ಮನೆಯಲ್ಲಿ ಕುಣಿಯಬಹುದು, ಅದೇ ಮಾಂಟಿಯ ಹೆಗಲ ಮೇಲೆ ಕೈಹಾಕಿ ಫೋಟೋಗೆ ಹಲ್ಲು ಕಿರಿಯಲೂಬಹುದು. ಸೆಡ್ರಿಕ್ ಇದೆಲ್ಲವನ್ನೂ ಮಾಡಿದ್ದ.

ಪತ್ರಿಕೆಯ ಟೆಲಿವಿಷನ್ ಪುಟದಲ್ಲಿ ಇದ್ದದ್ದು ಎರಡೇ ಸಾಲು. 'ಕಳೆದುಹೋದ ಸಾಮಾನು' ಹಾಸ್ಯ ಧಾರಾವಾಹಿಯ ಮರುಪ್ರಸಾರ, ಮಂಗಳವಾರ ಸಂಜೆ ಎಂಟಕ್ಕೆ. ಎರಡನೇ ಸರಣಿ, ಐದನೇ ಕಂತು.

ಐದನೆಯದೇ ಆಗಬೇಕಿತ್ತೇ? ಮೊಟ್ಟೆ ಕಲ್ಲಾಗುವ ತನಕ ಸೆಡ್ರಿಕ್ ಆ ಎರಡು ಸಾಲನ್ನೇ ನೋಡುತ್ತ ಕುಳಿತ.

ರೈಲು ನಿಲ್ದಾಣವೊಂದರಲ್ಲಿ, ಪ್ರಯಾಣಿಕರು ಬಿಟ್ಟುಹೋದ ಸಾಮಾನು ಕಾಯುವ ಕಚೇರಿಯ ಕತೆ ಅದು. ಮಾಂಟಿ ಅಲ್ಲಿಯ ಮುಖ್ಯಸ್ಥ, ಸೆಡ್ರಿಕ್ ಗುಮಾಸ್ತ. ಆರು ವರ್ಷ, ಶುಕ್ರವಾರ ಸಂಜೆಯಾದರೆ ಇಡೀ ಇಂಗ್ಲೆಂಡು ತಟ್ಟೆ ತೊಡೆಯ ಮೇಲಿಟ್ಟುಕೊಂಡು ಅದರ ಮುಂದೆ ಕೂರುತ್ತಿತ್ತು. ಮಾತೆಲ್ಲ ಮಾಂಟಿಯದು, ನಗುವೆಲ್ಲ ಮಾಂಟಿಯದು. ಸೆಡ್ರಿಕ್ ಪ್ರತಿ ಕಂತಿನಲ್ಲೂ ಛತ್ರಿಗಳ ರಾಶಿಯೊಳಗಿಂದ ತಲೆ ಎತ್ತಿ ಒಂದು ಮಾತು ಹೇಳಬೇಕು: "ಇಲ್ಲೇ ಎಲ್ಲೋ ಇರ್ಬೇಕು ಸಾರ್." ಅಷ್ಟೇ. ಅದೊಂದು ಮಾತು ಅವನ ಬೆನ್ನು ಹತ್ತಿತು. ಮಾಂಸದಂಗಡಿಯವನು ಇವತ್ತಿಗೂ ಸಾಸೇಜು ತೂಗುತ್ತ, "ಇಲ್ಲೇ ಎಲ್ಲೋ ಇರ್ಬೇಕು ಸಾರ್" ಎಂದು ಕಣ್ಣು ಹೊಡೆಯುತ್ತಾನೆ. ಅಮ್ಮನನ್ನು ಮಣ್ಣು ಮಾಡಿದ ದಿನ ಪಾದ್ರಿ ಗುಂಡಿ ಎಲ್ಲಿ ಎಂದು ಕೇಳಿದರೆ, ಗುಂಡಿ ತೋಡಿದವನು ಸೆಡ್ರಿಕ್‌ನ ಮುಖ ನೋಡಿ ಅದನ್ನೇ ಹೇಳಿದ್ದ.

ಐದನೇ ಕಂತು ಹಾಗಿರಲಿಲ್ಲ. ಸಂಭಾಷಣೆ ಬರೆಯುವವನಿಗೆ ಮಾಂಟಿಯ ಮೇಲೆ ಬೇಸರ ಬಂದಿತ್ತೋ, ಸೆಡ್ರಿಕ್‌ನ ಮೇಲೆ ಕನಿಕರ ಹುಟ್ಟಿತ್ತೋ, ನಾಲ್ಕು ನಿಮಿಷದ ಒಂದು ದೃಶ್ಯ ಬರೆದುಕೊಟ್ಟ. ಗುಮಾಸ್ತ ಒಬ್ಬನೇ ಇದ್ದಾನೆ, ಫೋನು ಬರುತ್ತದೆ. ಯಾರೋ ಹೆಂಗಸು ರೈಲಿನಲ್ಲಿ ತನ್ನ ಗಂಡನನ್ನು ಕಳೆದುಕೊಂಡಿದ್ದಾಳೆ. ಗುಮಾಸ್ತನಿಗೆ ಗೊತ್ತಿರುವುದು ಒಂದೇ ಅರ್ಜಿ, ಕಳೆದ ಸಾಮಾನಿನದು. ಅದರಲ್ಲಿರುವ ಪ್ರಶ್ನೆಗಳನ್ನೇ ಕೇಳುತ್ತ ಹೋಗುತ್ತಾನೆ. "ಬಣ್ಣ ಯಾವ್ದು ಮೇಡಂ? ಹಿಡಿಕೆ ಇದೆಯಾ? ಒಳಗಡೆ ಎಲ್ಲಾದ್ರೂ ಹೆಸರು ಬರೆಸಿದ್ರಾ? ತೊಗೊಂಡು ಹೋಗೋಕೆ ನೀವೇ ಬರ್ತೀರೋ, ಇಲ್ಲ ಮೂರು ತಿಂಗಳಾದ್ಮೇಲೆ ಹರಾಜಿಗೆ ಹಾಕೋಣ್ವೋ?"

ಭಾನುವಾರ ಮುನ್ನೂರು ಜನರ ಮುಂದೆ ಚಿತ್ರೀಕರಣ. 'ಹಿಡಿಕೆ' ಎಂದದ್ದೇ ತಡ, ಜನ ಕುರ್ಚಿಯಿಂದ ಜಾರಿದರು. ನಗು ನಿಲ್ಲಲೆಂದು ಅವನು ಹನ್ನೊಂದು ಸಲ ಕಾಯಬೇಕಾಯಿತು. ಕ್ಯಾಮೆರಾ ಹಿಡಿದವನ ಭುಜ ಕುಲುಕುತ್ತಿತ್ತು. ಆವತ್ತು ಸೆಡ್ರಿಕ್ ಮನೆಗೆ ನಡೆದುಕೊಂಡೇ ಹೋದ. ಬಸ್ಸಿನಲ್ಲಿ ಕೂರುವಷ್ಟು ಸುಮ್ಮನಿರಲು ಅವನಿಂದ ಆಗಲಿಲ್ಲ. ರಾಚ್‌ಡೇಲ್‌ನಲ್ಲಿದ್ದ ಅಮ್ಮನಿಗೆ ಫೋನು ಮಾಡಿ, ಶುಕ್ರವಾರ ಅಕ್ಕಪಕ್ಕದವರನ್ನೆಲ್ಲ ಕರೆದುಕೋ ಎಂದ.

ಶುಕ್ರವಾರ ದೃಶ್ಯ ಬರಲಿಲ್ಲ. ಮಾಂಟಿ ಬಾಗಿಲು ಹಾಕಿಕೊಂಡು ಹೊರಗೆ ಹೋದ, ಮರುಕ್ಷಣ ಪಾದ್ರಿಯೊಬ್ಬ ತನ್ನ ಹಲ್ಲಿನ ಸೆಟ್ಟು ಹುಡುಕಿಕೊಂಡು ಒಳಗೆ ಬಂದ. ನಡುವಿನ ನಾಲ್ಕು ನಿಮಿಷ ಗಾಳಿಗೆ ಹೋಗಿತ್ತು. ನಿರ್ಮಾಪಕ, ಹೊತ್ತು ಮೀರಿತ್ತು ಎಂದ. ಬಣ್ಣ ಹಚ್ಚುವ ಹೆಂಗಸು ಮಾತ್ರ ನಿಜ ಹೇಳಿದಳು. ಮಾಂಟಿ ಸೋಮವಾರವೇ ಹೋಗಿ, ಆ ದೃಶ್ಯ ಇದ್ದರೆ ನಾನಿಲ್ಲ ಎಂದು ಕೂತಿದ್ದನಂತೆ.

ಅಮ್ಮ ಫೋನು ಮಾಡಿದಳು. "ಹತ್ತು ಜನ ಬಂದಿದ್ರು ಮಗಾ. ನಾನು ಎರಡೆರಡು ಸಲ ಕನ್ನಡಕ ಒರೆಸ್ಕೊಂಡೆ. ನೀನು ಬರ್ಲೇ ಇಲ್ವಲ್ಲ."

ಅವಳು ಜನವರಿಯಲ್ಲಿ ತೀರಿಕೊಂಡಳು. ಸೆಡ್ರಿಕ್‌ನ ಹೊಟ್ಟೆ ಅವತ್ತಿನಿಂದ ಉರಿಯುತ್ತಿದೆ. ಧಾರಾವಾಹಿ ಮುಗಿದ ಮೇಲೆ ಮಾಂಟಿಗೆ ಅರಮನೆಯಿಂದ ಪದಕ ಬಂತು, ಥೇಮ್ಸ್ ದಂಡೆಯ ಮೇಲೆ ಮನೆ ಬಂತು. ಸೆಡ್ರಿಕ್‌ಗೆ ಬಿಸ್ಕತ್ತಿನ ಜಾಹೀರಾತು ಬಂತು. ಕ್ರಿಸ್‌ಮಸ್ ನಾಟಕಗಳಲ್ಲಿ ಕುದುರೆ ವೇಷದ ಹಿಂಗಾಲು ಬಂತು. ಆ ನಾಲ್ಕು ನಿಮಿಷ ಜನ ನೋಡಿದ್ದರೆ ತನ್ನ ಹೆಸರಿನಲ್ಲೇ ಒಂದು ಧಾರಾವಾಹಿ ಇರುತ್ತಿತ್ತು ಎನ್ನುವುದರಲ್ಲಿ ಅವನಿಗೆ ಎಳ್ಳಷ್ಟೂ ಅನುಮಾನವಿರಲಿಲ್ಲ.

ಪತ್ರಿಕೆ ನೋಡಿದ ಮರುದಿನ, ಶುಕ್ರವಾರ, ಮಾಂಟಿಯೇ ಫೋನು ಮಾಡಿದ. ಎರಡು ವರ್ಷದಿಂದ ಮಾತಿರಲಿಲ್ಲ.

"ಸೆಡ್, ಮಂಗಳವಾರ ಟಿವಿ ನೋಡ್ತೀಯ ತಾನೆ?"

"ಯಾಕೆ?"

"ಯಾಕೂ ಇಲ್ಲ ಮಾರಾಯ. ಐದನೇ ಕಂತು ಬರ್ತಾ ಇದೆ. ತಪ್ಪಿಸ್ಬೇಡ." ಅತ್ತ ಕಡೆಯಿಂದ ಕಿಸಕ್ಕನೆ ನಗು ಕೇಳಿಸಿತು.

"ನೀನು ನೋಡಲ್ವಾ?"

"ನನ್ನ ಮುಖ ನಾನು ಯಾವತ್ತು ನೋಡಿದೀನಿ ಕಣೋ? ಎಂದಿನ ಹಾಗೆ ಹೊಳೆ ಹತ್ರ ಗಾಳ ಹಾಕ್ಕೊಂಡು ಕೂತಿರ್ತೀನಿ. ಎನಿಡ್ ನೋಡ್ತಾಳೆ. ನೀನು ಮಾತ್ರ ನೋಡ್ಲೇಬೇಕು, ಆಯ್ತಾ?"

ಗಾಯಕ್ಕೆ ಉಪ್ಪು ಸವರಿ, ಅದರ ಉರಿ ಹೇಗಿದೆ ಎಂದು ಕೇಳುವ ಜಾತಿ ಇದು. ಸೆಡ್ರಿಕ್ ಫೋನನ್ನು ಮೆಲ್ಲಗೆ ಇಟ್ಟ. ಅವನಿಗೆ ಬೇಕಾದದ್ದನ್ನೆಲ್ಲ ಮಾಂಟಿ ತಾನೇ ಕೊಟ್ಟಿದ್ದ: ಜಾಗ, ಸಮಯ, ಮನೆಯೊಳಗೆ ಟಿವಿಗೆ ಅಂಟಿಕೊಂಡ ಹೆಂಡತಿ ಎನಿಡ್. ಹೊಳೆಗೆ ಬೆನ್ನು ಕೊಟ್ಟ ಮನೆ, ತೋಟದ ತುದಿಯಲ್ಲಿ ಹಲಗೆ ಕಟ್ಟೆ, ಅದರ ಕೆಳಗೇ ಒಡ್ಡಿನ ಸೆಳವು. ಮಾಂಟಿಗೆ ಈಜು ಬಾರದು. ಮಂಡಿ ಎರಡೂ ಕೆಟ್ಟಿವೆ. ಕಟ್ಟೆಗೆ ಒಂದು ಕಂಬಿಯಾದರೂ ಹಾಕಿಸು ಎಂದು ಎನಿಡ್ ಎಲ್ಲರೆದುರು ಗೋಗರೆದದ್ದು ಊರಿಗೇ ಗೊತ್ತು. ಮುದುಕ ಜಾರಿಬಿದ್ದ ಎಂದರೆ ಯಾರೂ ಹುಬ್ಬು ಎತ್ತುವುದಿಲ್ಲ.

ಇನ್ನು ಬೇಕಾದದ್ದು ಒಂದೇ, ತಾನು ಮನೆಯಲ್ಲಿದ್ದ ಎನ್ನುವ ಸಾಕ್ಷಿ. ಅದಕ್ಕೂ ಐದನೇ ಕಂತೇ ಇತ್ತು. ಆ ಕಂತನ್ನು ಸೆಡ್ರಿಕ್ ನೋಡಬೇಕಾದ ಅಗತ್ಯವೇ ಇರಲಿಲ್ಲ. ಎಲ್ಲಿ ಯಾರು ಬರುತ್ತಾರೆ, ಎಲ್ಲಿ ಯಾರು ಕೆಮ್ಮುತ್ತಾರೆ, ಯಾವ ನಗು ಎಷ್ಟು ಎಣಿಕೆಯ ತನಕ ಇರುತ್ತದೆ, ಎಲ್ಲ ಬಾಯಿಪಾಠ. ಎಷ್ಟು ಸಲ ಮರುಪ್ರಸಾರವಾಗಿದೆಯೋ ಅಷ್ಟು ಸಲವೂ ಅವನು ಹಲ್ಲು ಕಚ್ಚಿಕೊಂಡು ನೋಡಿದ್ದಾನೆ, ಹುಣ್ಣನ್ನು ನಾಲಿಗೆಯಿಂದ ಮುಟ್ಟಿ ನೋಡಿದ ಹಾಗೆ.

ಕೆಳಗಿನ ಮನೆಯ ಮಿಸೆಸ್ ಯಾರ್ಡ್ಲಿಗೆ ಹಾಸ್ಯವೆಂದರೆ ಆಗದು, ನಟರೆಂದರೆ ಇನ್ನೂ ಆಗದು. ಅವನ ಟಿವಿಯ ಸದ್ದು ಸ್ವಲ್ಪ ಏರಿದರೂ ಪೊರಕೆ ಹಿಡಿಯಿಂದ ಸೂರು ಕುಟ್ಟುತ್ತಾಳೆ. ಇಂಥ ಸಾಕ್ಷಿಯನ್ನು ದೇವರೇ ಕೊಡಬೇಕು. ಎಂಟಕ್ಕೆ ಐದು ನಿಮಿಷ ಇರುವಾಗ ಕೆಳಗಿಳಿದು ಅವಳ ಕಣ್ಣಿಗೆ ಬೀಳುವುದು. ಎಂಟಕ್ಕೆ ಸದ್ದು ಏರಿಸುವುದು. ಅವಳು ಕುಟ್ಟಿದ ಮೇಲೆ ಒಂದಿಷ್ಟು ಇಳಿಸಿ, ಹಿಂದಿನ ಕಬ್ಬಿಣದ ಮೆಟ್ಟಿಲಿನಿಂದ ಸೈಕಲ್ಲು ಹತ್ತುವುದು. ದಂಡೆಯ ದಾರಿಯಲ್ಲಿ ಹತ್ತು ನಿಮಿಷ ಹೋಗಲು, ಹತ್ತು ನಿಮಿಷ ಬರಲು. ಎಂಟೂವರೆಗೆ ಹಾಲು ಕೇಳುವ ನೆಪದಲ್ಲಿ ಮತ್ತೆ ಅವಳ ಬಾಗಿಲು. ಶನಿವಾರ, ಭಾನುವಾರ, ಸೋಮವಾರ, ಮೂರು ದಿನವೂ ಅವನು ಸೈಕಲ್ಲು ಹೊಡೆದು ನೋಡಿದ. ಮೂರು ದಿನವೂ ಗಡಿಯಾರ ಅವನ ಮಾತು ಕೇಳಿತು.

ಮಂಗಳವಾರ ಪೊರಕೆ ಸೂರು ಕುಟ್ಟಿ, ಅವನು ಹೊರಟಾಗ ಬಿಸಿಲು ಇನ್ನೂ ಮರಗಳ ತಲೆಯ ಮೇಲಿತ್ತು. ಜುಲೈ ತಿಂಗಳ ಸಂಜೆ. ದಾರಿಯಲ್ಲಿ ಒಂದು ನಾಯಿಯೂ ಎದುರಾಗಲಿಲ್ಲ. ಮಾಂಟಿಯ ತೋಟದ ಬೇಲಿಗೆ ಸೈಕಲ್ಲು ಒರಗಿಸಿ ಸೆಡ್ರಿಕ್ ಗಡಿಯಾರ ನೋಡಿದ. ಎಂಟು ಹದಿಮೂರು. ಮನೆಯ ಕಿಟಕಿಗೆ ಪರದೆ ಎಳೆದಿತ್ತು, ಒಳಗಿಂದ ಟಿವಿಯ ಮಾತು ಮಸುಕಾಗಿ ಕೇಳುತ್ತಿತ್ತು. ಕಟ್ಟೆಯ ಮೇಲೆ ಮಾಂಟಿ ಹುಲ್ಲಿನ ಟೋಪಿ ಹಾಕಿಕೊಂಡು ಸ್ಟೂಲಿನ ಮೇಲೆ ಕೂತಿದ್ದ. ಪಕ್ಕದಲ್ಲಿ ಚಹಾದ ಫ್ಲಾಸ್ಕು. ಬೆನ್ನು ಇತ್ತ ಕಡೆಗೆ.

ಹಲಗೆ ಕಿರುಗುಟ್ಟಿತು. ಮಾಂಟಿ ತಿರುಗಿದ. ಮುಖದಲ್ಲಿ ಹೆದರಿಕೆಯಿರಲಿಲ್ಲ, ಗಾಬರಿಯಿತ್ತು, ಅಡುಗೆ ಸೀದುಹೋಯಿತೇನೋ ಎನ್ನುವಂಥ ಗಾಬರಿ.

"ಅಯ್ಯೋ ಸೆಡ್, ಇಲ್ಲೇನ್ ಮಾಡ್ತಿದೀಯ? ಟಿವಿ ಮುಂದೆ ಇರ್ಬೇಕಿತ್ತಲ್ಲೋ. ಓಡು, ಒಳಗ್ಹೋಗು, ಎನಿಡ್ ಪಕ್ಕ ಕೂತ್ಕೋ, ಇನ್ನೂ ಹೊತ್ತು ಮೀರಿಲ್ಲ..."

ಇನ್ನೂ ಚುಚ್ಚುತ್ತಿದ್ದಾನೆ ಮುದುಕ, ಈಗಲೂ. ಸೆಡ್ರಿಕ್ ಎರಡೂ ಅಂಗೈ ಚಾಚಿ ಅವನ ಎದೆಗೆ ಇಟ್ಟು ತಳ್ಳಿದ. "ಇದು ಅಮ್ಮನಿಗೆ," ಎಂದ, ಯಾರಿಗೂ ಕೇಳದಷ್ಟು ಮೆಲ್ಲಗೆ. ಟೋಪಿ ಒಂದು ಕಡೆ ಹೋಯಿತು, ಮಾಂಟಿ ಇನ್ನೊಂದು ಕಡೆ. ಒಡ್ಡಿನ ನೀರು ಉಳಿದದ್ದನ್ನು ನೋಡಿಕೊಂಡಿತು. ಮನೆಯೊಳಗಿಂದ ಜನರ ನಗು ಉಕ್ಕಿ ಬಂತು, ನಿಂತಿತು, ಮತ್ತೆ ಉಕ್ಕಿತು. ಎದೆ ಬಡಿತದ ಗದ್ದಲದಲ್ಲಿ ಸೆಡ್ರಿಕ್ ಅದನ್ನು ಎಣಿಸುವ ಗೋಜಿಗೆ ಹೋಗಲಿಲ್ಲ, ಸೈಕಲ್ಲು ಹತ್ತಿದ.

ಎಂಟೂವರೆಗೆ ಮಿಸೆಸ್ ಯಾರ್ಡ್ಲಿ ಬಾಗಿಲು ತೆಗೆದು ಅವನ ಕೈಯ ಬಟ್ಟಲು ನೋಡಿದಳು. "ಹಾಲಾ? ಅಷ್ಟೊತ್ತು ಆ ದರಿದ್ರದ್ದನ್ನ ಅರಚಿಸಿದ್ರಲ್ಲ, ಅದನ್ನೇ ಕೇಳಿ, ಕೊಡುತ್ತೆ," ಎಂದು ಅರ್ಧ ಬಟ್ಟಲು ಸುರಿದಳು. ಸೆಡ್ರಿಕ್ ಆವತ್ತು ಹದಿಮೂರು ವರ್ಷದಲ್ಲಿ ಮೊದಲ ಸಲ ಹೊಟ್ಟೆ ತುಂಬ ಉಂಡ.

ಬೆಳಗಿನ ರೇಡಿಯೋದಲ್ಲಿ ಸುದ್ದಿ ಬಂತು. ಹಿರಿಯ ಹಾಸ್ಯನಟ, ಮೀನು ಹಿಡಿಯುವಾಗ ಕಾಲು ಜಾರಿ. ಸೆಡ್ರಿಕ್ ಹನ್ನೊಂದರ ತನಕ ತಡೆದು, ಕಪ್ಪು ಟೈ ಕಟ್ಟಿ, ಬಿಳಿ ಹೂವು ಹಿಡಿದು ಎನಿಡ್‌ಳನ್ನು ಕಾಣಲು ಹೋದ. ಅವಳು ಸೋಫಾದ ಮೂಲೆಯಲ್ಲಿ ಕರವಸ್ತ್ರ ಮುಖಕ್ಕೊತ್ತಿಕೊಂಡು ಕುಳಿತಿದ್ದಳು. ಹೂವು ತೆಗೆದುಕೊಂಡು ಅವನ ಕೈ ಹಿಡಿದಳು. ಎದುರಿಗೆ ಪೊಲೀಸ್ ಸಾರ್ಜೆಂಟ್ ಹೆಪ್‌ವರ್ತ್, ದಪ್ಪ ಮೈಯ ಸಂಕೋಚದ ಮನುಷ್ಯ, ಚಹಾದ ಕಪ್ಪು ಮಂಡಿಯ ಮೇಲಿಟ್ಟುಕೊಂಡಿದ್ದ.

"ಬೇಜಾರು ಮಾಡ್ಕೋಬೇಡಿ ಸಾರ್, ಪರಿಚಯ ಇರೋರ್ನೆಲ್ಲ ಕೇಳ್ತಾ ಇದೀನಿ. ನಿನ್ನೆ ಸಂಜೆ ಎಲ್ಲಿದ್ರಿ?"

"ಮನೇಲಿ. ನಮ್ಮದೇ ಧಾರಾವಾಹಿ ನೋಡ್ತಾ ಇದ್ದೆ, ಮೊದಲಿಂದ ಕೊನೇವರೆಗೂ. ಕೆಳಗಿನ ಮನೆ ಮಿಸೆಸ್ ಯಾರ್ಡ್ಲಿನ ಕೇಳಿ. ಪಾಪ, ನನ್ನ ದೆಸೆಯಿಂದ ಅವರ ಪೊರಕೆ ಸವೆದುಹೋಗಿದೆ."

ಸಾರ್ಜೆಂಟ್ ನಕ್ಕು ಬರೆದುಕೊಂಡ. "ನಾನು ಡ್ಯೂಟಿ ಮೇಲಿದ್ದೆ ಸಾರ್, ನೋಡೋಕಾಗ್ಲಿಲ್ಲ. ನಮ್ಮನೆಯವಳಿಗೆ ನೀವಂದ್ರೆ ಪ್ರಾಣ." ಪೆನ್ಸಿಲು ಜೇಬಿಗೆ ಹೋಯಿತು.

ಅಲ್ಲಿಗೆ ಮುಗಿದಿತ್ತು. ಆದರೆ ನಟನಾದವನು ಇಷ್ಟು ಸಣ್ಣ ನಗುವಿಗೆ ರಂಗ ಬಿಟ್ಟು ಹೋಗುತ್ತಾನೆಯೇ? ನೋಡಿದವನಿಗೆ ಮಾತ್ರ ಗೊತ್ತಿರುವ ವಿವರ ಒಂದೆರಡು ಸೇರಿದರೆ ಕೆಲಸ ಇನ್ನೂ ಚೊಕ್ಕ ಎನ್ನಿಸಿತು. ಜೊತೆಗೆ, ಸತ್ತವನ ಮನೆಯಲ್ಲೇ ನಿಂತು ತನ್ನ ದೂರನ್ನು ಒಂದೇ ಒಂದು ಸಲ ಬಾಯಿಬಿಟ್ಟು ಹೇಳುವ ಚಪಲ.

"ಕೊನೆಯಲ್ಲಿ ಮಾಂಟಿ ಒಬ್ಬನೇ ದೀಪ ಆರಿಸಿ ಹೋಗ್ತಾನಲ್ಲ, ಆ ದೃಶ್ಯ ಬಂದಾಗ ನಿನ್ನೆ ಕಣ್ಣಲ್ಲಿ ನೀರು ಬಂತು," ಎಂದ. "ಹಳೇ ಮುನಿಸು ಎಲ್ಲಿ ಹೋಗುತ್ತೆ ಹೇಳಿ, ನನ್ನ ಫೋನಿನ ದೃಶ್ಯಕ್ಕೂ ಕಾದೆ. ಹದಿಮೂರು ವರ್ಷದ ಹಿಂದೆ ಕತ್ತರಿಸಿದ್ರು. ನಿನ್ನೆಯೂ ಅಷ್ಟೇ. ಮಾಂಟಿ ಬಾಗಿಲು ಹಾಕ್ದ, ಪಾದ್ರಿ ಹಲ್ಲು ಕೇಳ್ಕೊಂಡು ಬಂದ."

ಎನಿಡ್ ಕರವಸ್ತ್ರ ಕೆಳಗಿಳಿಸಿದಳು. "ಯಾಕೆ ಹೀಗಂತೀಯ ಸೆಡ್?" ಎಂದಳು, ಅತ್ತು ಅತ್ತು ಒಡೆದ ದನಿಯಲ್ಲಿ. "ನಿನ್ನೆ ಅದನ್ನ ಹಾಕಿದ್ರಲ್ಲ. ಫೋನಿನ ದೃಶ್ಯ, ಪೂರ್ತಿ ನಾಲ್ಕು ನಿಮಿಷ. ಅದರ ಫಿಲ್ಮನ್ನ ಮಾಂಟಿ ಇಷ್ಟು ವರ್ಷ ಅಟ್ಟದ ಮೇಲೆ ಇಟ್ಕೊಂಡಿದ್ದ. ತಪ್ಪು ಮಾಡ್ದೆ, ಸಾಯೋ ಮೊದ್ಲು ಸರಿ ಮಾಡ್ತೀನಿ ಅಂತ ಚಳಿಗಾಲದಿಂದ ಆ ಟಿವಿಯವರ ಹತ್ರ ಅಲೆದ. ಅವರು ಹೊತ್ತು ಸಾಲಲ್ಲ ಅಂದಿದ್ದಕ್ಕೆ, ದೀಪ ಆರಿಸೋ ತನ್ನ ದೃಶ್ಯಾನೇ ತೆಗೆಸಿಬಿಟ್ಟ. ನಿನಗೆ ಹೇಳ್ಕೂಡದು, ಅವನೇ ನೋಡಿ ಖುಷಿ ಪಡ್ಲಿ ಅಂತ ನನ್ನ ಬಾಯಿಗೂ ಬೀಗ ಹಾಕಿದ್ದ." ಸಾರ್ಜೆಂಟ್ ಹೆಪ್‌ವರ್ತ್ ಚಹಾದ ಕಪ್ಪನ್ನು ಮೇಜಿನ ಮೇಲಿಟ್ಟು, ಜೇಬಿನಿಂದ ಪೆನ್ಸಿಲು ತೆಗೆದು, ಹೊಸ ಹಾಳೆ ತಿರುವಿದ. "ಕೂತ್ಕೊಳ್ಳಿ ಸಾರ್," ಎಂದ ಅದೇ ಸಂಕೋಚದಿಂದ. "ಕೊನೆಯಲ್ಲಿ ಯಾವ ದೃಶ್ಯ ನೋಡಿ ಕಣ್ಣಲ್ಲಿ ನೀರು ಬಂತು ಅಂದ್ರಿ? ಇನ್ನೊಂದ್ಸಲ ಹೇಳಿ."