ದರ್ಗಾದಿಂದ ಗೂಟದವರೆಗೆ

"ಟೇಪು ಗ್ವಾಡಿಗೆ ಹಚ್ಚಿ ಹಿಡೀರಿ, ಮಲ್ಲಿಕಸಾಬ್ರ!" ಎಂದು ಕೂಗಿದೆ. ನಾನು ಸರ್ವೇಯರ್.

ಕುಪ್ಪೇಲೂರಿನಾಚೆಯ ದರ್ಗಾಕ್ಕೂ ನಂದನನ ಹೊಸ ಕಲ್ಲುಗಣಿಯ ಗೂಟಕ್ಕೂ ಕನಿಷ್ಠ ಐವತ್ತು ಮೀಟರ್ ಅಂತರವಿದ್ದರಷ್ಟೇ ಪರವಾನಿಗೆ. ಬೆಳಿಗ್ಗೆ ಐವತ್ಮೂರು ಬಂದಿತ್ತು. ಈಗ ಐವತ್ತೊಂದು.

"ನಾ ಕದಲಿಲ್ರಿ, ಸಾಹೇಬ್ರ," ಎಂದ ದರ್ಗಾ ನೋಡಿಕೊಳ್ಳುವ ಮುದುಕ.

ನನಗೆ ನಂಬಿಕೆ ಬರಲಿಲ್ಲ. ಗೋಡೆಯ ಬಳಿ ನಾನೇ ಟೇಪು ಹಿಡಿದೆ. ಅಂಥ ಸುಡುಬಿಸಿಲಲ್ಲೂ ಗೋಡೆ ಬಾವಿನೀರಿನಂತೆ ತಣ್ಣಗಿತ್ತು.

"ನಲವತ್ತೊಂಬತ್ತು! ಟೇಪೇನ್ ರಬ್ಬರಿಂದೇನ್ರಿ?" ಗೂಟದ ಬಳಿ ನಂದನ ನಕ್ಕ. ಆಮೇಲೆ ಪೆನ್ನು ಚಾಚುತ್ತ ಬಂದ. "ಮುಂಜಾನಿ ಬಂದ ಅಳತೀನ ಬರದ್ಬಿಡ್ರಿ, ಸರ."

ನಾನು ಕೆಳಗೆ ನೋಡಿದೆ. ಬೆಳಿಗ್ಗೆ ಗೋಡೆಯಿಂದ ಗೂಟದ ಕಡೆಗೆ ಐದು ಹೆಜ್ಜೆ ದೂರ ಕಳಚಿಟ್ಟಿದ್ದ ನನ್ನ ಚಪ್ಪಲಿಗಳು ಈಗ ಗೋಡೆಯ ಬುಡಕ್ಕೆ ತಾಗಿದ್ದವು.

"ಬರಿಯಂಗಿಲ್ಲ," ಎಂದೆ.