ಮತ್ತೆ ಮಾಯವಾದ ಲೈಬ್ರರಿ ಫೈಲ್

“ಮತ್ತೆ ಸಿ.ಡಿ. ಓದ್ತಿಲ್ಲ” ಎಂದು ಫೋನ್ ಮಾಡಿ ಕರೆಸಿದ ಕಸೂತಿಯವಳು, ಅವನು ಅಂಗಡಿಯೊಳಗೆ ಬಂದಾಗ ತಲೆಯೆತ್ತಿಯೂ ನೋಡಲಿಲ್ಲ. ಅವನು ಕೂರುವ ಕುರ್ಚಿಯನ್ನು ಮಾತ್ರ ಒರೆಸಿಟ್ಟಿದ್ದಳು.

“ಹೋದ ವಾರ ತಾನೇ ಸರಿ ಮಾಡಿದ್ದೆ.”

“ನಿಮ್ಮ ರಿಪೇರಿ ಅಷ್ಟೇ ದಿನ ಬಾಳಿಕೆ ಬರೋದೇನೋ.”

ಬಟ್ಟೆಯ ಮೇಲೆ ಬಗ್ಗಿದ್ದವಳ ತುಟಿಯಂಚಿನಲ್ಲಿ ನಗು ಸುಳಿಯಿತು. ಅವನು ನೋಡಿದ. ಗೋಡೆ ಗಡಿಯಾರ ನೋಡುವ ಹಾಗೆ ನೋಡಿದ, ಅಷ್ಟೇ.

ಬೀದಿಯವರು ಅವನನ್ನು ಗುಜರಿ ಎನ್ನುತ್ತಿದ್ದರು. ಹಳೇ ಕಂಪ್ಯೂಟರ್ ರಿಪೇರಿ ಅವನ ಕಸುಬು. ಮನೆಮನೆಯಲ್ಲೂ ಸಿ.ಡಿ. ತಿರುಗುತ್ತಿದ್ದಾಗ ಅಣ್ಣಾ ಅಣ್ಣಾ ಎಂದು ಅವನ ಬಾಗಿಲು ಸವೆಸಿದವರೇ ಆ ಹೆಸರಿಟ್ಟದ್ದು. ಮದುವೆ ಗೊತ್ತಾಗಿದ್ದ ಹುಡುಗಿಯ ಮನೆಯವರೂ ಅದನ್ನೇ ನೆವ ಮಾಡಿಕೊಂಡು ಸಂಬಂಧ ಮುರಿದರು. ಮೊದಮೊದಲು ಹೊಟ್ಟೆಯಲ್ಲಿ ಬೆಂಕಿ ಬಿದ್ದಿತ್ತು. ಆಮೇಲೆ ಬೆಂಕಿಯೂ ಆರಿತು. ಹಲ್ಲು ಕೀಳುವ ಮುಂಚೆ ಒಸಡಿಗೆ ಕೊಡುವ ಇಂಜೆಕ್ಷನ್ ಎದೆಗೇ ಇಳಿದ ಹಾಗೆ ಎಲ್ಲ ಮರಗಟ್ಟಿತು. ಈಗ ಅಂಗಡಿ ಖಾಲಿ ಮಾಡಿ, ಸೋಮವಾರ ಬೇರೆ ಊರಿನ ಗೋಡೌನಿನಲ್ಲಿ ಕೆಲಸಕ್ಕೆ ಸೇರುವವನಿದ್ದ. ಅದಕ್ಕೂ ದುಃಖವಾಗಲಿಲ್ಲ.

ಅವಳ ಕಸೂತಿ ಮೆಷೀನಿನ ಡಿಸೈನುಗಳೆಲ್ಲ ಸಿ.ಡಿ.ಗಳಲ್ಲಿದ್ದವು. ಅವುಗಳನ್ನು ತೆರೆಯುವ ಪ್ರೋಗ್ರಾಂ ಮಾಡಿದ ಕಂಪನಿಯೇ ಮುಚ್ಚಿಹೋಗಿತ್ತು. ಮೊದಲ ಸಲ ಬಂದಾಗ ಅವನೇ ಅವಳಿಗೆ ವಿವರಿಸಿದ್ದ: “ಈ ಪ್ರೋಗ್ರಾಂಗೂ ಸಿ.ಡಿ. ಡ್ರೈವ್‌ಗೂ ನೇರ ಮಾತಿಲ್ಲ. ನಡುವೆ ಈ ಪುಟ್ಟ ಲೈಬ್ರರಿ ಫೈಲ್ ಇರಬೇಕು. ಇದು ಹೋದ್ರೆ ಡ್ರೈವ್ ಕಣ್ಣೆದುರಿಗಿದ್ರೂ ಪ್ರೋಗ್ರಾಂಗೆ ಕಾಣಲ್ಲ.”

“ಪಾಪ,” ಎಂದಿದ್ದಳು ಅವಳು, ಅವನ ಮುಖವನ್ನೇ ನೋಡುತ್ತ.

ಈಗ ಫೋಲ್ಡರ್ ತೆರೆದರೆ ಆ ಫೈಲೇ ಇಲ್ಲ.

“ಒಂದು ಕೆಲಸ ಮಾಡ್ತೀನಿ. ಡಿಸೈನೆಲ್ಲ ಕಂಪ್ಯೂಟರ್ ಒಳಗೇ ಕಾಪಿ ಮಾಡ್ಕೊಡ್ತೀನಿ. ಇನ್ಮೇಲೆ ಸಿ.ಡಿ.ನೂ ಬೇಡ, ನಾನೂ ಬೇಡ.”

“ಬೇಡ,” ಎಂದಳು ತಟ್ಟನೆ.

“ಯಾವುದು ಬೇಡ?”

“ಕಾಪಿ.”

ಮೂಲೆಯಲ್ಲಿ ಗುಂಡಿ ಹಾಕುತ್ತಿದ್ದ ಅವಳ ಅತ್ತಿಗೆ ಕೆಮ್ಮಿದಳು. ಅದು ನೆಗಡಿಯ ಕೆಮ್ಮಲ್ಲ. ಅವನು ಏನೋ ತೋಚಿ ರಿಸೈಕಲ್ ಬಿನ್ ತೆರೆದ. ಫೈಲ್ ಅಲ್ಲಿ ಹಾಯಾಗಿ ಕೂತಿತ್ತು.

“ಇದು ತಾನಾಗೇ ಇಲ್ಲಿಗೆ ಬರಲ್ಲ. ಯಾರೋ ಅಳಿಸಿದಾರೆ.”

“ನನ್ನ ಕಡೆ ನೋಡ್ಬೇಡಪ್ಪ,” ಎಂದಳು ಅತ್ತಿಗೆ. “ನಾನು ಮೌಸ್ ಮುಟ್ಟಿದೋಳೇ ಅಲ್ಲ. ನಮ್ಮ ನಾದಿನಿಗೆ ಕಳ್ಳತನ ಬರುತ್ತೆ, ಕಳ್ಳ ಮಾಲು ಬಚ್ಚಿಡೋಕೆ ಬರಲ್ಲ.”

ಬಟ್ಟೆಯಲ್ಲಿ ಓಡುತ್ತಿದ್ದ ಸೂಜಿ ನಿಂತಿತು. ಕಸೂತಿಯವಳ ಕಿವಿ ಕೆಂಪಾಗಿತ್ತು.

“ನಾನೇ ಅಳಿಸಿದ್ದು. ಬೇರೇನು ಕೆಟ್ರೂ ನೀವು ಫೋನಲ್ಲೇ ಹೇಳಿ ಮುಗಿಸ್ತೀರ. ಇದಕ್ಕಾದ್ರೆ ಬರಲೇಬೇಕಿತ್ತು.”

ಅತ್ತಿಗೆ ಗುಂಡಿ ಡಬ್ಬಿ ಎತ್ತಿಕೊಂಡು, ಒಳಗೆ ಬೆಳಕು ಸಾಲದೆಂಬ ನೆಪ ಹೇಳಿ, ಹೊರಗೆ ಹೋದಳು.

ಅವನು ಕಾದ. ಇಂಥ ಮಾತು ಕೇಳಿದ ಮನುಷ್ಯನ ಎದೆ ಹಾರಬೇಕು. ಹಾರಲಿಲ್ಲ. ಅವಳ ಹೆರಳಿಗೆ ಅಂಟಿದ್ದ ನೀಲಿ ದಾರದ ಎಳೆ ಕಾಣುತ್ತಿತ್ತು, ಚಂದವಾಗಿದೆ ಎಂಬುದೂ ಗೊತ್ತಾಗುತ್ತಿತ್ತು. ಗೊತ್ತಾಗುವುದು ಬೇರೆ, ಅನ್ನಿಸುವುದು ಬೇರೆ.

“ನಿಮ್ಮ ಹತ್ರ ಸುಳ್ಳು ಹೇಳಲ್ಲ,” ಎಂದ. “ನನಗೆ ಈಗ ಏನೂ ಅನ್ನಿಸ್ತಿಲ್ಲ. ಯಾವುದಕ್ಕೂ ಅನ್ನಿಸಲ್ಲ. ನಿಮಗೆ ಮೋಸ ಆಗುತ್ತೆ.”

“ಅನ್ನಿಸ್ಲಿ ಅಂತ ನಾನೆಲ್ಲಿ ಕೇಳ್ದೆ? ಸೋಮವಾರ ಊರು ಬಿಡ್ತೀರಂತೆ, ಹೋಗ್ಬೇಡಿ ಅಂತ ಕೇಳ್ತಿದೀನಿ.”

“ಇಲ್ಲಿದ್ದು ಏನ್ ಮಾಡ್ಲಿ?”

“ಅಲ್ಲಿ ಹೋಗಿ ಏನ್ ಮಾಡ್ತೀರ? ಡಬ್ಬ ಎತ್ತಿಡ್ತೀರ. ಇಲ್ಲೂ ಡಬ್ಬಗಳಿವೆ, ಎತ್ತಿಡಿ. ನಡುವೆ ನನ್ನ ಜೊತೆ ನಾಲ್ಕು ಮಾತಾಡಿ. ಬೇಸರ ಬಂದ್ರೆ ಆಗ ಹೋಗಿ, ತಡೆಯಲ್ಲ.”

ಅವಳ ದನಿ ಕೊನೆಗೆ ಬಿರುಕು ಬಿಟ್ಟಿತು. ಅದನ್ನು ಮುಚ್ಚಿಕೊಳ್ಳಲು ಸೂಜಿಗೆ ದಾರ ಏರಿಸತೊಡಗಿದಳು.

ಅವನು ಫೋನ್ ತೆಗೆದು ಗೋಡೌನಿನ ಸೂಪರ್‌ವೈಸರ್‌ಗೆ ಕರೆ ಮಾಡಿದ.

“ಸಾರ್, ಸೋಮವಾರ ಬರಲ್ಲ.”

“ಯಾಕಯ್ಯಾ, ಮೈ ಹುಷಾರಿಲ್ವಾ?”

“ಇಲ್ಲ ಸಾರ್. ಹುಷಾರಾಗುತ್ತೇನೋ ನೋಡ್ಬೇಕು.”

ಅವಳ ದಾರಕ್ಕೆ ಸೂಜಿಯ ಕಣ್ಣು ಸಿಗುತ್ತಲೇ ಇರಲಿಲ್ಲ. ಅವನು ಎದ್ದು ಹೋಗಿ ಅವಳ ಬೆರಳುಗಳಿಂದ ಮೆಲ್ಲಗೆ ದಾರ ಬಿಡಿಸಿಕೊಂಡ. ತುದಿ ಒದ್ದೆ ಮಾಡಿ, ಸೂಜಿಯ ಹತ್ತಿರ ತಂದ. ಏರಲಿಲ್ಲ. ಅವನ ಕೈಯೂ ನಡುಗುತ್ತಿತ್ತು. ಬೇರೆ ಯಾರದೋ ಕೈ ಎಂಬಂತೆ ಅವನು ಅದನ್ನೇ ನೋಡುತ್ತ ನಿಂತ.